ಪೂರ್ವಕ್ಕೆ ರೇವಮ್ಮನ ಗದ್ದೆ

ಮಂಡ್ಯದ ಕೋರ್ಟಿನ ಅಂಗಳದಲ್ಲಿ ವಕೀಲರಿಗಿಂತ ಗುಮಾಸ್ತರಿಗೇ ಹೆಚ್ಚು ನಮಸ್ಕಾರ ಬೀಳುತ್ತಿದ್ದ ಕಾಲ ಅದು. ಅದರಲ್ಲೂ ಹುಚ್ಚೀರಯ್ಯನವರಿಗೆ. ತಾವು ಬರೆದ ದಾವಾ ಅರ್ಜಿಯಲ್ಲಿ ಒಂದು ತಪ್ಪು ತೋರಿಸಿದವರಿಗೆ ಕಾಫಿ ಕೊಡಿಸುತ್ತೇನೆಂದು ಪಂಥ ಕಟ್ಟುತ್ತಿದ್ದರು. ಇನ್ನೊಬ್ಬ ವಕೀಲರ ಗುಮಾಸ್ತನಾಗಿದ್ದ ನನಗೆ ಆ ಕಾಫಿ ಒಮ್ಮೆಯೂ ದಕ್ಕಲಿಲ್ಲ.

ಜಮೀನಿನ ದಾವಾ ಬಂದರೆ ಅವರು ಕೂತಲ್ಲೇ ಬರೆಯುವ ಆಸಾಮಿಯಲ್ಲ. ಬದುವಿನ ಮೇಲೆ ನಡೆದು, ನಾಲ್ಕು ದಿಕ್ಕಿಗೂ ಯಾರ ಜಮೀನಿದೆಯೆಂದು ಊರವರನ್ನು ಕೇಳಿ ಚಕ್ಕುಬಂದಿ ಗುರುತು ಹಾಕಿಕೊಂಡು ಬರುತ್ತಿದ್ದರು. ನಲವತ್ಮೂರನೇ ಇಸವಿಯಲ್ಲಿ ಕೊತ್ತತ್ತಿಯ ಕೆಂಪಸಿದ್ದಯ್ಯ ತನ್ನ ತಮ್ಮ ಬೋರಯ್ಯನ ಮೇಲೆ ಪಾಲಿನ ದಾವಾ ಹೂಡಿದಾಗಲೂ ಹಾಗೇ ಹೋದರು. ಅಲ್ಲಿದ್ದದ್ದು ಒಂದು ಕಬ್ಬಿನ ಹೊಲ, ಅದರ ಪೂರ್ವಕ್ಕೆ ಒಂದು ಭತ್ತದ ಗದ್ದೆ. ಗದ್ದೆಯಲ್ಲಿ ಕಳೆ ಕೀಳುತ್ತಿದ್ದವಳು ಇವರಿಬ್ಬರ ಅಕ್ಕ ರೇವಮ್ಮ. ಮದುವೆಯಲ್ಲಿ ಅಪ್ಪ ಅರಿಸಿನ ಕುಂಕುಮಕ್ಕೆಂದು ಬಾಯಿಮಾತಿನಲ್ಲೇ ಕೊಟ್ಟ ಗದ್ದೆ ಅದು. ಬೆಳಕವಾಡಿಯಲ್ಲಿ ಗಂಡ ತೀರಿಕೊಂಡ ಮೇಲೆ ತವರಿಗೆ ಬಂದು ಅವಳೇ ಸಾಗುವಳಿ ಮಾಡುತ್ತಿದ್ದಳು. ಬೆವೆತು ನಿಂತ ಹುಚ್ಚೀರಯ್ಯನವರಿಗೆ ಮಜ್ಜಿಗೆ ಕೊಟ್ಟಳು.

"ಅವ್ಳ ಎಸ್ರು ಬ್ಯಾಡಿ ಸ್ವಾಮಿ," ಎಂದ ಕೆಂಪಸಿದ್ದಯ್ಯ. "ಕೊಟ್ಟ ಎಣ್ಣು ಕುಲಕ್ಕೆ ವರಗು. ಆ ಗದ್ದೆನೂ ಪಾಲ್ಗೆ ಸೇರ್ಸಿ."

ಬೇರೆಲ್ಲದಕ್ಕೂ ಕಚ್ಚಾಡುತ್ತಿದ್ದ ಅಣ್ಣತಮ್ಮಂದಿರು ಇದೊಂದರಲ್ಲಿ ರಾಮಲಕ್ಷ್ಮಣರು. ಹುಚ್ಚೀರಯ್ಯ ಎರಡು ಜಮೀನನ್ನೂ ಬರೆದು, ಅವಳನ್ನು ಪ್ರತಿವಾದಿಯಾಗಿ ಸೇರಿಸದೆ ಬಿಟ್ಟರು.

ಭತ್ತ ಬಲಿಯುವ ಹೊತ್ತಿಗೆ ಕೋರ್ಟಿನ ತಡೆ ಆರ್ಡರು ಬಂತು. ತೀರ್ಪಾಗುವ ತನಕ ಎರಡರ ಬೆಳೆಗೂ ಯಾರೂ ಕುಡುಗೋಲು ಹಾಕಕೂಡದು. ಕಬ್ಬು ಕಾಯುತ್ತದೆ, ಭತ್ತ ಕಾಯುವುದಿಲ್ಲ. ರೇವಮ್ಮ ಕೋರ್ಟಿಗೆ ಓಡಿ ಬಂದಳು. ಅಲ್ಲಿ ಅವಳಿಗೆ ಗೊತ್ತಿದ್ದ ಮುಖ ಹುಚ್ಚೀರಯ್ಯನವರದೊಂದೇ.

"ನನ್ನ ಕೂಗ್ನಿಲ್ಲ, ಕೇಳ್ನಿಲ್ಲ. ನನ್ ಗದ್ದೆಗ್ಯಾಕೆ ತಡೆ? ನನ್ನೂ ಈ ಯಾಜ್ಯಕ್ಕೆ ಸೇರುಸ್ಕಳಿ ಅಂತ ಬರ್ಕೊಡಿ ಸ್ವಾಮಿ."

"ನಾನು ನಿನ್ ತಮ್ಮ ಕೆಂಪಸಿದ್ದಯ್ಯನ ಕಡೆಯವ್ನು ಕಣಮ್ಮ," ಎಂದು ಅವರು ನನ್ನತ್ತ ಕೈ ತೋರಿಸಿದರು.

ನಮ್ಮ ವಕೀಲರು ಅರ್ಜಿ ಹಾಕಿದರು. ಈಕೆಯನ್ನೂ ಪ್ರತಿವಾದಿಯಾಗಿ ಸೇರಿಸಿಕೊಳ್ಳಬೇಕು, ತಡೆ ತೆಗೆಯಬೇಕು. ಪುರಾವೆ ಏನೆಂದು ಮುನ್ಸೀಫರು ಕೇಳಿದರು. ಒಂದು ಚೂರು ಕಾಗದವೂ ಇರಲಿಲ್ಲ. ವಿಚಾರಣೆ ಎಂಟು ದಿನ ಮುಂದಕ್ಕೆ ಹೋಯಿತು. ಗೋಡೆಗೊರಗಿ ನಿಂತಿದ್ದ ಹುಚ್ಚೀರಯ್ಯ ಕಡತವನ್ನು ಕಂಕುಳಲ್ಲಿಟ್ಟುಕೊಂಡು ಹೊರಗೆ ನಡೆದರು.

ಎಂಟನೆಯ ದಿನ ಬೆಳಿಗ್ಗೆ ಅವರು ನನ್ನನ್ನು ಹುಣಸೆಮರದಡಿಗೆ ಕರೆದೊಯ್ದರು. "ನಾನು ಬರ್ದ ದಾವಾದ ಮೂರನೇ ಹಾಳೆ ನೋಡಪ್ಪ. ಕಬ್ಬಿನ ಹೊಲದ ಚಕ್ಕುಬಂದಿ."

ನೋಡಿದೆ. "ಪೂರ್ವಕ್ಕೆ ರೇವಮ್ಮನ ಗದ್ದೆ." ಊರವರು ಹೇಳಿದ್ದನ್ನು ಹೇಳಿದಂತೆ ಬರೆಯುವ ಅಭ್ಯಾಸ ಕೈಯಿಂದ ನಿಜ ಬರೆಸಿಬಿಟ್ಟಿತ್ತು. ಆ ಹಾಳೆಯನ್ನು ಎರಡು ಸಲ ಓದಿಯೂ ಕಾಣದ ನನಗೆ ನಾಚಿಕೆಯಾಯಿತು.

"ನಿಮಗೆ ಯಾವಾಗ ಹೊಳೀತು?"

"ಅವತ್ತು ಪುರಾವೆ ಕೇಳ್ದಾಗ್ಲೇ. ಕೆಲ್ಸ ಹೋಗ್ತದೆ ಅಂತ ಹೆದರ್ದೆ."

ವಾದಿಯೇ ಕೊಟ್ಟ ಕಾಗದದಲ್ಲಿ ಹೆಸರಿದ್ದ ಮೇಲೆ ಇನ್ನೇನು? ಅವತ್ತೇ ಮುನ್ಸೀಫರು ರೇವಮ್ಮನನ್ನು ಸೇರಿಸಿಕೊಂಡರು, ಅವಳ ಗದ್ದೆಯ ಮಟ್ಟಿಗೆ ತಡೆ ತೆಗೆದರು. ಹುಚ್ಚೀರಯ್ಯನವರ ವಕೀಲರು ಕೈತಪ್ಪೆಂದು ನಾಲ್ಕು ಬೈದು ಸುಮ್ಮನಾದರು. ಕೆಲಸ ಎಲ್ಲಿಗೂ ಹೋಗಲಿಲ್ಲ. ಆದರೆ ಆ ಎಂಟು ದಿನದಲ್ಲಿ ಬಿದ್ದ ಅಕಾಲದ ಮಳೆಗೆ ಭತ್ತ ಮಲಗಿ ಅರ್ಧ ಕಾಳು ಕೆಸರುಪಾಲಾಗಿತ್ತು.

ಸಂಕ್ರಾಂತಿ ಕಳೆದ ಮೇಲೆ ರೇವಮ್ಮ ಹೊಸ ಅಕ್ಕಿ ಗಂಟು ಕಟ್ಟಿಕೊಂಡು ಬಂದಳು. ಹಾಳೆ ತೋರಿಸಿದವರು ಯಾರೆಂದು ನಾನೇ ಬಾಯಿ ಬಿಟ್ಟಿದ್ದೆ. ಗಂಟು ನೋಡಿ ಹುಚ್ಚೀರಯ್ಯನವರ ಮುಖ ಕಪ್ಪಿಟ್ಟಿತು.

"ಬೇಡ ಕಣಮ್ಮ. ಮೊದಲ್ನೇ ದಿನವೇ ಹೇಳ್ಬೋದಿತ್ತು, ಎಂಟು ದಿನ ಬಾಯಿ ಮುಚ್ಕೊಂಡಿದ್ದೆ. ನಿನ್ನ ಹೆಸ್ರು ಬಿಟ್ಟು ಬರ್ದವ್ನೂ ನಾನೇ. ನಿನ್ ಮಜ್ಜಿಗೆ ಕುಡಿದು ಬಂದು ಬರ್ದೆ."

ಅವಳು ಅಲ್ಲೇ ನೆಲದ ಮೇಲೆ ಕೂತಳು. ಆಮೇಲೆ ಗಂಟು ಬಿಚ್ಚಿ, ಅರ್ಧ ಅಕ್ಕಿಯನ್ನು ಸೆರಗಿಗೆ ವಾಪಸು ಸುರಿದುಕೊಂಡಳು.

"ಅರ್ಧ ನಿಮ್ಮಿಂದ ಓಯ್ತು, ಅರ್ಧ ನಿಮ್ಮಿಂದ ಉಳೀತು. ಉಳ್ಸಿದ್ದಕ್ಕೆ ಇಷ್ಟು ಮಡೀಕಳಿ," ಎಂದು ಹೊರಟೇ ಹೋದಳು.

ಹುಚ್ಚೀರಯ್ಯ ಮತ್ತೆ ಕಾಫಿಯ ಪಂಥ ಕಟ್ಟಲಿಲ್ಲ. ಆ ಅಕ್ಕಿಯನ್ನು ಬೇಯಿಸಲು ಮನೆಯವರಿಗೆ ಬಿಡಲಿಲ್ಲ, ಹುಳ ಬಿದ್ದ ಮೇಲೂ ಎಸೆಯಲು ಬಿಡಲಿಲ್ಲ.