ರಸೂಲನ ರಾಜ ಹಾರಿದ ಆಟ

ಶಾಂತಲಿಂಗಪ್ಪ ಮಾಸ್ತರರ ಮೇಲೆ ನನಗೆ ಇನ್ನೂ ಸಿಟ್ಟಿದೆ. ಸತ್ತವರ ಮೇಲೆ ಸಿಟ್ಟು ಇಟ್ಟುಕೊಳ್ಳಬಾರದು ಅನ್ನುತ್ತಾರೆ. ಅನ್ನುವವರು ಅನ್ನಲಿ, ಅವರಿಗೇನು ಗೊತ್ತು!

ರಸೂಲ ಆಳಂದ ಬಸ್‌ಸ್ಟ್ಯಾಂಡಿನ ಎದುರು ಸೈಕಲ್ ಪಂಕ್ಚರ್ ತೆಗೆಯುತ್ತಿದ್ದ. ಅವನ ಅಂಗಡಿಯ ಬಾಕಿನ ಮೇಲೆ ಮೊಳೆಯಿಂದ ಗೀರಿದ ಚದುರಂಗದ ಮನೆಗಳಿದ್ದವು. ಆಟ ಕಲಿಸಿದವಳು ಅವನಜ್ಜಿ ಪ್ಯಾರಿಬಿ, ನಮ್ಮ ಕಡೆಯ ಹಳೇ ಪದ್ಧತಿಯಲ್ಲಿ. ಅದರಲ್ಲಿ ರಾಜ ಇಡೀ ಆಟಕ್ಕೆ ಒಂದೇ ಸಲ ಕುದುರೆಯ ಹಾಗೆ ಹಾರಬಹುದು. ಪುಸ್ತಕದ ಪದ್ಧತಿಯಲ್ಲಿ ಹಾರುವಂತಿಲ್ಲ, ಕೋಟೆ ಕಟ್ಟಬೇಕು. ಅಂದರೆ ರಾಜ ಬದಿಗೆ ಸರಿದು, ಮೂಲೆಯ ಆನೆಯನ್ನು ಮಗ್ಗುಲಿಗೆ ತಂದುಕೊಳ್ಳಬೇಕು.

ಎಪ್ಪತ್ತೆಂಟರಲ್ಲಿ ಮಾಸ್ತರರು ಚದುರಂಗದ ಒಂದು ಅಂಚೆ ಬಳಗ ಕಟ್ಟಿದರು. ತಿಂಗಳಿಗೊಂದು ಸೈಕ್ಲೋಸ್ಟೈಲ್ ಹಾಳೆ. ನೂರು ವರ್ಷದ ಹಿಂದೆ ಯಾವುದೋ ದೇಶದಲ್ಲಿ ಯಾರೋ ವಜೀರನನ್ನೇ ಬಲಿಕೊಟ್ಟು ಗೆದ್ದ ಹೆಸರುವಾಸಿ ಆಟ ಅದರಲ್ಲಿ ಇರುತ್ತಿತ್ತು. ಜೇವರ್ಗಿ, ಇಜೇರಿ, ಮಾದನಹಿಪ್ಪರಗಾದವರೆಲ್ಲ ಅದನ್ನು ತಮ್ಮ ಮಣೆಯ ಮೇಲೆ ಆಡಿ ನೋಡಿ, ಭಲೇ ಎಂದು ಕಾರ್ಡು ಬರೆಯುತ್ತಿದ್ದರು. ರಸೂಲನಿಗೆ ಓದು ಬರದು. ನಾನು ನಡೆ ಓದುತ್ತಿದ್ದೆ, ಅವನು ಗ್ರೀಸಿನ ಕೈಯಲ್ಲೇ ಕಾಯಿ ಸರಿಸುತ್ತಿದ್ದ. ಅವನಿಗಿದ್ದದ್ದು ಒಂದೇ ಆಸೆ: ಆ ಹಾಳೆಯಲ್ಲಿ ತನ್ನದೂ ಒಂದು ಆಟ ಬರಬೇಕು.

ಎಂಬತ್ಮೂರರಲ್ಲಿ, ಹಳೇ ಪದ್ಧತಿಯಲ್ಲೇ, ಆ ಆಟ ಆಡಿದ. ಐದು ವರ್ಷ ಸೋಲನ್ನೇ ಕಾಣದ ಅಫಜಲಪುರದ ದೊಡ್ಡಪ್ಪ ಎಂಬ ಆಟಗಾರನ ಎದುರು ವಜೀರನನ್ನು ಕೊಟ್ಟು, ಮೂಲೆಯಲ್ಲಿದ್ದ ಆನೆಯನ್ನು ನೆಟ್ಟಗೆ ನುಗ್ಗಿಸಿ, ಎದುರಿನ ರಾಜನನ್ನು ಕಟ್ಟಿಹಾಕಿ ಮಾತ್ ಮಾಡಿದ. ನಡೆಗಳನ್ನೆಲ್ಲ ನಾನು ಬರೆದುಕೊಂಡೆ.

ಹದಿನಾಲ್ಕನೇ ನಡೆಯಲ್ಲಿ ರಾಜ ಹಾರಿದ್ದ. ಮಾಸ್ತರರು ಮುಖ ಹುಳ್ಳಗೆ ಮಾಡಿದರು. ಇದು ಹಳ್ಳಿ ಆಟ, ಅಚ್ಚಾದರೆ ಬಳಗದ ಮರ್ಯಾದೆ ಹೋಗುತ್ತದೆ, ಅಲ್ಲಿ ಕೋಟೆ ಎಂದು ಹಾಕು ಅಂದರು. ಅಚ್ಚಿಗೆ ಮೇಣದ ಹಾಳೆಯ ಮೇಲೆ ಕೈಯಿಂದಲೇ ಬರೆದು ಸ್ಟೆನ್ಸಿಲ್ ಕೊರೆಯುವ ಕೆಲಸ ನನ್ನದು, ಕೊರೆದೆ. ಮಣೆಯ ಮೇಲೆ ಒಮ್ಮೆ ಆಡಿ ನೋಡಲಿಲ್ಲ. ನನ್ನ ಬುದ್ಧಿಗೆ ಮಂಕು ಕವಿದಿತ್ತು.

ಕೋಟೆ ಕಟ್ಟಿದರೆ ಆನೆ ಮೂಲೆ ಬಿಡುತ್ತದಲ್ಲ! ಕೊನೆಗೆ ನುಗ್ಗಬೇಕಾದ ಆನೆ ಮೂಲೆಯಲ್ಲಿ ಇರಲೇ ಇಲ್ಲ. ಹತ್ತೂ ಕಡೆಯಿಂದ ನಗೆಯ ಕಾರ್ಡುಗಳು ಬಂದವು. ರಸೂಲನ ಆನೆ ಬಸ್ ಹತ್ತಿ ಬಂತೇನು ಎಂದು ಒಬ್ಬ ಕೇಳಿದ್ದ. ಮಾಸ್ತರರು ತಪ್ಪು ಒಪ್ಪಿಕೊಂಡರೇ? ಥೂ! ಮುಂದಿನ ಹಾಳೆಯಲ್ಲಿ, ಆಟಗಾರ ಅನಕ್ಷರಸ್ಥ, ನಡೆಗಳನ್ನು ತಪ್ಪಾಗಿ ಹೇಳಿದ್ದಾನೆ ಎಂದು ಹಾಕಿಸಿದರು. ಅದನ್ನೂ ನಾನೇ ಕೊರೆದೆ.

ಎಂದಿನಂತೆ ರಸೂಲ ಓದಿ ಹೇಳಿ ಅಂದ. ಆ ಸಾಲನ್ನೂ ಓದಿದೆ. ಅವನು ಕಾಯಿ ಜೋಡಿಸಿ, ರಾಜನನ್ನು ಹಾರಿಸಿ, ಮಾತ್ ಆಗುವವರೆಗೆ ತನ್ನ ಆಟವನ್ನು ಪೂರ್ತಿ ಆಡಿದ.

"ಸೋತಿದ್ರ ಸೋತೀನಿ ಅಂತಿದ್ದೆ, ಕಲ್ಯಾಣಪ್ಪನವ್ರ. ಗೆದ್ದ ಆಟ ಸುಳ್ಳು ಮಾಡಿದ್ರಿ. ಇದನ್ನ ಬರದವ್ರು ಯಾರ್ರಿ?"

ಮಾಸ್ತರರು ಅಂದೆ.

ಅವನು ಹಾಳೆಯನ್ನು ನನ್ನ ಕಡೆ ತಿರುಗಿಸಿದ. "ನಿಮ್ಮ ಅಕ್ಷರ ನನಗ ಓದಾಕ ಬರಂಗಿಲ್ರಿ. ಗುರ್ತ್ ಹಿಡೀತೇನಿ."

ಅವನು ಇದ್ದಷ್ಟು ದಿನ ಮತ್ತೆ ನನ್ನಿಂದ ಏನನ್ನೂ ಓದಿಸಲಿಲ್ಲ. ಹದಿನಾಲ್ಕನೇ ನಡೆಯಲ್ಲಿ ಕೋಟೆ ಇರಲಿಲ್ಲ, ರಾಜ ಹಾರಿದ್ದ. ಇದೂ ನನ್ನದೇ ಅಕ್ಷರ.