ಹಗರೆಯ ಬದುವಿನ ಇರುವೆಗಳು

ಸಂಕ್ರಾಂತಿ ಕಳೆದ ಮೇಲಿನ ಶನಿವಾರ ಬೆಳಿಗ್ಗೆ ಅರಸೀಕೆರೆಯಲ್ಲಿ ಜಾವಗಲ್ ಮಾರ್ಗದ ಬಸ್ ಹತ್ತಿದೆ. ಇಬ್ಬನಿಗೆ ಕಿಟಕಿಯ ಗಾಜು ಮಸುಕಾಗಿತ್ತು. ಹಳೇಬೀಡಿಗೆ ಹದಿನಾರು ರೂಪಾಯಿ ಟಿಕೆಟ್. ಪಕ್ಕದಲ್ಲಿ ಕುಳಿತ ಗಂಡಸಿ ಊರಿನ ಹೆಂಗಸು "ದೇವಸ್ಥಾನಕ್ಕಾ?" ಎಂದು ಕೇಳಿದರು. "ಇಲ್ಲ, ಇರುವೆ ನೋಡೋಕೆ" ಎಂದೆ. ಆಕೆ ನನ್ನ ಮುಖ ನೋಡಿ, ತಮ್ಮ ಚೀಲವನ್ನು ಸ್ವಲ್ಪ ಆಚೆ ಸರಿಸಿಕೊಂಡರು.

ಹೇಳಿದ್ದು ಸುಳ್ಳಲ್ಲ. ನಾನು ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವವಳು. ಹಗರೆಯ ಹತ್ತಿರದ ಹಳ್ಳಿಯಲ್ಲಿರುವ ನನ್ನ ಅಕ್ಕ ಫೋನಿನಲ್ಲಿ ಅತ್ತಿದ್ದಳು. ಅವರ ಹೊಲದ ಬದುವಿನ ಮೇಲೆ ಇರುವೆ ಗೂಡಿದೆ, ಸುತ್ತ ಹರಳೆಣ್ಣೆ ತೆಗೆಯುವ ಹರಳು ಗಿಡಗಳು. ಕಣದಲ್ಲಿ ಒಣಗಲು ಹಾಕಿದ ಹರಳನ್ನು ಇರುವೆಗಳು ಹೊತ್ತೊಯ್ಯುತ್ತವೆಂದು ಭಾವ ಸೋಮವಾರ ಗೂಡಿಗೆ ವಿಷದ ಪುಡಿ ಸುರಿಯುವವರಿದ್ದರು. ಅಕ್ಕನಿಗೆ ಅದು ಬರೀ ಗೂಡಲ್ಲ. ಹಿಂದೊಮ್ಮೆ ಭಾವ ಟೈಫಾಯಿಡ್ ಆಗಿ ಆಸ್ಪತ್ರೆಯಲ್ಲಿ ಮಲಗಿದ್ದಾಗ, ಅವರು ಉಳಿದರೆ ಪ್ರತಿ ಶನಿವಾರ ಇರುವೆಗಳಿಗೆ ಎಡೆ ಇಡುತ್ತೇನೆಂದು ಹರಕೆ ಹೊತ್ತಿದ್ದಳು. ಭಾವ ಉಳಿದರು, ಎಡೆಯೂ ತಪ್ಪಲಿಲ್ಲ. "ಅವರ ಜೀವಕ್ಕೆ ಅಂತ ತಿನ್ನಿಸಿದ ಬಾಯಿಗೆ ಅವರೇ ವಿಷ ಹಾಕ್ತಾರಂತೆ ಕಣೇ" ಎಂದಿದ್ದಳು. ಇರುವೆಯಿಂದ ಹರಳು ಗಿಡಕ್ಕೂ ಉಪಕಾರವಿದೆ ಎಂದು ನಾನು ಓದಿದ್ದೆ, ಕಣ್ಣಾರೆ ಕಂಡಿರಲಿಲ್ಲ. ಭಾವನಿಗೆ ತೋರಿಸಿಯೇ ಬರುವುದೆಂದು ಹಟ ಹಿಡಿದು ಹೊರಟಿದ್ದೆ.

ಹಳೇಬೀಡಿನಲ್ಲಿ ಬಸ್ ಬದಲಿಸಬೇಕಿತ್ತು. ಕಾಯುತ್ತ ಇಡ್ಲಿ ತಿಂದೆ, ಚಟ್ನಿ ನೀರಾಗಿತ್ತು. ಎದುರಿಗೇ ಇದ್ದ ದೇವಸ್ಥಾನಕ್ಕೆ ಹೋಗಲಿಲ್ಲ. ಕಲ್ಲು ಎಲ್ಲಿಗೂ ಓಡಿಹೋಗುವುದಿಲ್ಲ, ಇರುವೆಗಳಿಗೆ ಉಳಿದಿದ್ದು ಎರಡೇ ದಿನ.

ಮಧ್ಯಾಹ್ನ ಅಕ್ಕನ ಮನೆಯಲ್ಲಿ ಊಟವಾದ ಮೇಲೆ ಭಾವನನ್ನು ಬದುವಿಗೆ ಕರೆದೊಯ್ದೆ. ಹರಳು ಕಾಳಿನ ತುದಿಯಲ್ಲಿ ಬೆಳ್ಳಗೆ ಒಂದು ಪುಟ್ಟ ಗಂಟಿರುತ್ತದೆ, ಅದರಲ್ಲಿ ಜಿಡ್ಡು. ಇರುವೆಗೆ ಬೇಕಾದ್ದು ಅದೊಂದೇ. ಒಳಗಿನ ಕಾಳು ವಿಷ, ಸಿಪ್ಪೆ ಗಟ್ಟಿ. ಗಂಟಿರುವ ಒಂದು ಹಿಡಿ, ಉಗುರಿನಿಂದ ಗಂಟು ಕಿತ್ತ ಒಂದು ಹಿಡಿ, ಎರಡನ್ನೂ ಗೂಡಿನ ಬಾಯಿಯ ಹತ್ತಿರ ಬೇರೆ ಬೇರೆ ಇಟ್ಟೆ. ಇರುವೆಗಳು ಮೂಸಿಯೂ ನೋಡದೆ ಸುತ್ತುಹಾಕಿ ಹೋದವು. ಬಿಸಿಲು ಇಳಿಯುವವರೆಗೆ ಕೂತರೂ ಅಷ್ಟೇ.

"ಕದಿಯೋಕೆ ಬತ್ತವೆ, ಪರೀಕ್ಷೆಗೆ ಬರಲ್ಲ ನೋಡಮ್ಮ" ಎಂದು ನಕ್ಕು ಭಾವ ಎದ್ದರು.

ನನಗೆ ಅವಮಾನವಾಯಿತು. ರೊಟ್ಟಿ ತಟ್ಟುತ್ತಿದ್ದ ಅಕ್ಕನನ್ನು ಕೇಳಿದೆ, "ಇವತ್ತು ಅವಕ್ಕೆ ಏನು ಹಾಕಿದೆ?"

"ಶನಿವಾರ ಅಲ್ವೇನೇ? ರವೆ, ಬೆಲ್ಲ, ಒಂದು ಹೋಳು ಕಾಯಿತುರಿ. ಕಾಯಿಗೇನು ಬರ ಐತಾ ನಮ್ಮಲ್ಲಿ?"

ಕಾಯಿತುರಿಯ ಜಿಡ್ಡನ್ನು ಮನಸಾರೆ ತಿಂದ ಇರುವೆಗೆ ಹರಳಿನ ತುದಿ ಯಾಕೆ ಬೇಕು? ಉಳಿದದ್ದನ್ನು ಗುಡಿಸಿ ತೆಗೆಯೋಣ ಎಂದೆ. "ಇಟ್ಟ ಎಡೆ ಯಾರಾದ್ರೂ ತೆಗೀತಾರಾ?" ಎಂದು ಅಕ್ಕ ಮುಖ ಊದಿಸಿಕೊಂಡಳು. ಪಾಪ ಬಂದರೆ ನನಗಿರಲಿ ಎಂದು ಪೊರಕೆ ಹಿಡಿದು ನಾನೇ ಹೋದೆ.

ಭಾನುವಾರ ಬಿಸಿಲೇರುತ್ತಿದ್ದಂತೆ ಇರುವೆಗಳು ಬಂದವು. ಗಂಟಿದ್ದ ಕಾಳುಗಳನ್ನು ಎಳೆದವು, ದೂಡಿದವು, ಗೂಡಿನೊಳಗೆ ಇಳಿಸಿದವು. ಗಂಟು ಕಿತ್ತವು ಇದ್ದಲ್ಲೇ ಉಳಿದವು. ಭಾವನನ್ನು ಗೂಡಿನ ಹಿಂಬದಿಯ ಕಸದ ಗುಪ್ಪೆಗೆ ಕರೆದೊಯ್ದು ಕಡ್ಡಿಯಲ್ಲಿ ಕೆದಕಿದೆ. ತುದಿ ತಿಂದು ಹೊರಗೆಸೆದ ಹಳೆಯ ಕಾಳುಗಳಿದ್ದವು, ಒಂದೂ ಒಡೆದಿರಲಿಲ್ಲ. ಪಕ್ಕದಲ್ಲೇ ಕಾಲುವೆಯ ತೇವಕ್ಕೆ ಮೊಳೆತ ಸಸಿಗಳು. "ನೋಡಿ, ಇಲಿಗೆ ಸಿಗದ ಹಾಗೆ ಗೊಬ್ಬರದ ಮಣ್ಣಿಗೆ ತಂದು ಹಾಕಿವೆ" ಎಂದೆ.

ಭಾವ ಕುಕ್ಕರಗಾಲಲ್ಲಿ ಕೂತರು. "ಇಷ್ಟು ಒತ್ತಾಗಿ ಹುಟ್ಟಿದ್ರೆ ಎಲ್ಲಾ ಬದುಕ್ತವಾ?"

"ಎಲ್ಲಾ ಇಲ್ಲ. ಇರುವೆಗೆ ಲಾಭ ಖಾತ್ರಿ, ಗಿಡದ್ದು ಅದೃಷ್ಟ" ಎಂದು ಒಪ್ಪಿಕೊಂಡೆ. "ಆದ್ರೆ ಈ ಬದುವಿನ ಗಿಡಗಳನ್ನ ನೀವು ಬಿತ್ತಿದ್ರಾ?"

"ಇಲ್ಲ. ತಾವಾಗೇ ಹುಟ್ಟಿದ್ದು" ಎಂದು ಭಾವ ಒಂದು ಸಸಿಯ ಬುಡ ಮುಟ್ಟಿ ನೋಡಿದರು.

ನಮ್ಮ ಹಿಂದೆಯೇ ಬಂದು ನಿಂತಿದ್ದ ಅಕ್ಕ ಸೆರಗಿನಿಂದ ಕಣ್ಣು ಒರೆಸಿಕೊಂಡಳು. "ನನ್ನ ಎಡೆಯಿಂದ್ಲೇ ಅವುಗಳ ಕೆಲಸ ಕೆಡ್ತಾ ಇತ್ತಾ? ಹರಕೆ ಮಾತ್ರ ಬಿಡಲ್ಲ ಕಣೇ. ಎಡೇನೇ ಬದಲಾಯಿಸ್ತೀನಿ. ಶನಿವಾರ ಹರಳನ್ನೇ ಹಾಕ್ತೀನಿ."

ಅದೂ ಭಾವನ ಕಣದ ಹರಳು! ಏನನ್ನುತ್ತಾರೋ ಎಂದು ಅವರ ಮುಖ ನೋಡಿದೆ. ಅವರು ಟವೆಲ್ ಕೊಡವಿ ಮನೆ ಕಡೆ ಹೊರಟೇಬಿಟ್ಟರು.

ಸೋಮವಾರ ನನ್ನನ್ನು ಬಸ್ಸಿಗೆ ಬಿಡಲು ಭಾವನೇ ಹಗರೆಯವರೆಗೆ ಬಂದರು. ಕೈಯಲ್ಲಿ ಪುಡಿಯ ಪೊಟ್ಟಣವಿತ್ತು. ದಾರಿಯುದ್ದಕ್ಕೂ ನನ್ನ ಕಣ್ಣು ಅದರ ಮೇಲೇ ಇತ್ತು. ಹಳೇಬೀಡಿನ ಬಸ್ ಬಂದು ನಿಂತಾಗ ಅವರೇ ಬಾಯಿ ಬಿಟ್ಟರು.

"ಇದನ್ನ ಅಂಗಡಿಗೆ ವಾಪಸ್ ಕೊಟ್ಟು ಹೋಗ್ತೀನಿ ಕಣಮ್ಮ. ಶನಿವಾರ ಹರಳು ಹಾಕೋಕೆ ನಿಮ್ಮಕ್ಕನ ಜೊತೆ ನಾನೂ ಹೋಗ್ತೀನಿ. ಇಷ್ಟು ವರ್ಷ ನನ್ನ ಜೀವಕ್ಕೆ ಅಂತ ಆ ಬದುವಿನ ತನಕ ಅವಳೊಬ್ಬಳೇ ನಡೆದಳು."

ಬಸ್ ಹೊರಟಿತು. ತಿರುಗಿ ನೋಡಿದಾಗ ಅವರು ಅಂಗಡಿಯ ಮೆಟ್ಟಿಲು ಹತ್ತುತ್ತಿದ್ದರು.