ಆಯಿ ತೊಳೆದ ಗ್ವಾಡಿ

ಧಾರಾವಾಹಿಗೆ ಮನಿ ಸಜ್ಜ ಮಾಡಿ ಕೊಡಾಕಿ ನಾ. ವರ್ಷಗಟ್ಲೆ ಬೆಂಗಳೂರಿನ ಸೆಟ್ಟಿನ್ಯಾಗ ಮಂದಿ ಕೈಕೆಳಗ ದುಡದು, ಮೊದಲ ಸಲ ಪೂರಾ ಜವಾಬ್ದಾರಿ ನನಗ ಸಿಕ್ಕಿತ್ತು. ಅದೂ ನಮ್ಮ ಕಡಿ ಕಥಿ, ಇಜೇರಿ ಊರಾಗಿನ ಖರೇ ಮನಿ. ಹಿರೋಳ್ಳಿ ಹುಡುಗಿ ನಾ, ಇದ್ರಾಗ ಸೋತ್ರ ಮಾರಿ ಎಲ್ಲಿ ಇಟ್ಕೊಳ್ಲಿ?

ಕಥಿಗೆ ಬೇಕಾಗಿದ್ದು ಮೂರು ತಲಿಮಾರು ರೊಟ್ಟಿ ಸುಟ್ಟ ಕರೀ ಅಡಗಿಮನಿ. ಆ ಮನ್ಯಾಗ ಗ್ಯಾಸ್ ಬಂದು ಜಮಾನಾ ಆಗಿತ್ತು, ಗ್ವಾಡಿ ಬೆಳ್ಳಗ ಹೊಳೀತಿತ್ತು. ಮನಿ ಯಜಮಾನತಿ, ಎಲ್ಲಾರೂ ಆಯಿ ಅಂತ ಕರಿಯೋ ಮುದುಕಿ, "ಏನ್ ಬೇಕ್ ಮಾಡ್ಕೋರಿ" ಅಂದು ಕೊಳಕೂರಿಗೆ ಮಗಳ ಮನಿಗೆ ಹೋದ್ಳು. ಮಸಿ ಬಳೀತೇನಂತ ನಾನೂ ಬಿಡಿಸಿ ಹೇಳಲಿಲ್ಲ. ಮೂರು ದಿನ ಬಳದೆ. ಅರ್ಧಾ ಸೀನ್ ಶೂಟಿಂಗೂ ಆತು.

ಮರುದಿನ ಮುಂಜಾನಿ ಹೋಗಿ ನೋಡ್ತೇನಿ, ಯವ್ವಾ! ಗ್ವಾಡಿ ಮತ್ತ ಬೆಳ್ಳಗ! ರಾತ್ರಿ ಕೊಳಕೂರಿಂದ ಬಂದಿದ್ದ ಆಯಿ ಸುಣ್ಣದ ಬಕೀಟ್ ಹಿಡ್ಕೊಂಡು ನಗಾಕತ್ತಾಳ. "ಟೀವ್ಯಾಗ ಬೀಗರು ನೋಡ್ತಾರ. ಹೊಲಸು ಮನಿ ತೋರಸ್ಲೇನು? ನಸುಕಿನ್ಯಾಗ ಎದ್ದು ತಿಕ್ಕಿ ತೊಳದು ಸುಣ್ಣಾ ಹಚ್ಚೀನಿ."

"ಯಾರು ಹೇಳಿದ್ರು ನಿಮಗ?" ಅಂತ ಒದರಿಬಿಟ್ಟೆ. ನನ್ನ ಸಿಟ್ಟು ಮೂಗಿನ ತುದಿಗೇ ಇರ್ತದ, ಏನ್ ಮಾಡ್ಲಿ. ಅಷ್ಟ್ರಾಗ ನಿರ್ದೇಶಕರು ಬಂದ್ರು. "ಮಧ್ಯಾಹ್ನದೊಳಗೆ ನಿನ್ನೆಯ ಗೋಡೆ ಬೇಕು. ಇಲ್ಲಾಂದ್ರೆ ಬೆಂಗಳೂರಲ್ಲೇ ಸೆಟ್ ಹಾಕಿಸ್ತೀನಿ, ಬೇರೆಯವರ ಕೈಲಿ."

ನನ್ನ ಕಣ್ಣಾಗ ನೀರು ಬಂತು. ಆಯಿ ಬಕೀಟ್ ಕೆಳಗಿಟ್ಳು.

"ಅಳಬ್ಯಾಡ ಬೇ. ಗ್ವಾಡಿ ಕರೀ ಮಾಡೋದೂ ಒಂದು ವಿದ್ಯಾ ಏನು?"

ಓಣಿ ಹೆಣ್ಮಕ್ಕಳನ್ನ ಕೂಗಿ ಕರದ್ಳು. ಹಳೀ ಒಲಿ ಹೊತ್ತಿಸಿದ್ರು. ತೊಗರಿ ಕಟಗಿಗೆ ಎಣ್ಣಿ ಬಟ್ಟಿ ಸುತ್ತಿ ಗ್ವಾಡಿಗೆ ಹೊಗಿ ಹಿಡದ್ರು. ಬಿಸಲಿನ ಪುಣ್ಯಾ, ಸುಣ್ಣಾ ಒಣಗಿತ್ತು. ನಾ ಮೊಬೈಲಿನ್ಯಾಗ ನಿನ್ನಿ ಫೋಟೋ ನೋಡ್ಕೋತ, "ಎಡಕ್ಕ ಇನ್ನಷ್ಟು, ಮ್ಯಾಲ ಸಾಕ್ರಿ!" ಅಂತ ಕೆಮ್ಮಿಕೋತ ಕೂಗ್ತಿದ್ದೆ. "ನೀ ತೊಳಿಯಾಕಿ, ನಾವು ಹೊಗಿ ಕುಡಿಯೋರೇನಾ ಆಯಿ?" ಅಂತ ಒಬ್ಬಾಕಿ ಕಾಡಿಸಿದ್ಳು. ಒಲಿ ಉರೀತಿತ್ತಲ್ಲ, ಜೋಳದ ರೊಟ್ಟಿನೂ ಬಡದ್ರು. ಎಲ್ಲಾರ ಮಾರಿನೂ ಕರೀ, ನಗಿ ಮಾತ್ರ ತಡೀಲಾರದಷ್ಟು.

ನಿರ್ದೇಶಕರು ಮಾನಿಟರ್‌ನ್ಯಾಗ ಬಾಳೊತ್ತು ನೋಡಿದ್ರು. "ನಿನ್ನೆಗಿಂತ ಇದೇ ನಿಜ ಅನ್ಸುತ್ತೆ. ಯಾರು ಮಾಡಿದ್ದು?"

"ಆಯಿ ಮಾಡ್ಯಾಳ್ರಿ," ಅಂದೆ.

"ಹಾಗಿದ್ರೆ ಮುಂದಿನ ಮನೆನೂ ನೀವೇ ಮಾಡಿ. ಇಂಥವರನ್ನ ಹುಡುಕೋಕೆ ನಿಮಗೇ ಗೊತ್ತು," ಅಂತ ನನಗಂದ್ರು. ಖುಷಿಗೆ ನಾ ಆಯಿನ್ನ ಅಪ್ಕೊಂಡೇಬಿಟ್ಟೆ.

ಶೂಟಿಂಗ್ ಮುಗಿದ ದಿನ, ಮನಿ ಇದ್ದಂಗ ಮಾಡಿಕೊಡೋಣಂತ ಸುಣ್ಣದ ಬಕೀಟ್ ತಗೊಂಡು ಹೋದೆ. ಆಯಿ ಅಡಗಿಮನಿ ಬಾಗಲಕ್ಕ ಎರಡೂ ಕೈ ಅಡ್ಡ ಹಿಡದು ನಿಂತ್ಳು.

"ಟೀವ್ಯಾಗ ಬರೋ ಈ ಕರೀ ಗ್ವಾಡಿ ನೋಡಾಕ ನಾಳಿ ಬೀಗರು ಬರಾಕತ್ತಾರ. ಮುಟ್ಟಿದ್ರ ನೋಡ್ ಮತ್ತ!"